ಪಕ್ಕದವರು ಹದ್ದುಬಸ್ತು (ಜಮೀನಿನ ಗಡಿ ಗುರುತಿಸುವ) ಅಳತೆಗೆ ಬಿಡುತ್ತಿಲ್ಲ, ಪೊಲೀಸ್ ರಕ್ಷಣೆ ಪಡೆಯುವುದು ಹೇಗೆ?

ಆರು ವರ್ಷದ ಹಿಂದೆ ನಾನೂ ಇದನ್ನೇ ಕೇಳಿಕೊಂಡು ಶಿರಸಿ ಪೇಟೆಯೆಲ್ಲಾ ತಿರುಗಿದ್ದೆ. ನಮ್ಮದು ಅಡಿಕೆ ತೋಟ. ಅಪ್ಪ ಹೋದ ಮೇಲೆ ಪಕ್ಕದವರ ಅಗಳ (ಗಡಿಯ ಕಂದಕ) ವರ್ಷ ವರ್ಷವೂ ನಮ್ಮ ಕಡೆ ಸರಿಯುತ್ತಾ ಬಂತು. ಸುಮಾರು 2 ಗುಂಟೆ. ಕೇಳಲಿಕ್ಕೆ ಸಣ್ಣದು, ಆದರೆ ಇಪ್ಪತ್ತೈದು ಫಲದ ಮರ ಅದರಲ್ಲೇ ಹೋಯಿತು.

ಹದ್ದುಬಸ್ತಿಗೆ ಅರ್ಜಿ ಕೊಟ್ಟೆ. ಸರ್ವೆಯರ್ ಬಂದ ದಿನ ಪಕ್ಕದ ತೋಟದ ಮಾವ ಕಾಲುಸಂಕದ ಮೇಲೆ ಅಡ್ಡ ನಿಂತರು. ಚಿಕ್ಕಂದಿನಿಂದ ಅವರನ್ನು ಮಾವ ಅಂತಲೇ ಕರೆದವ ನಾನು. "ಎಂತಕ್ಕೆ ಅಳತೆ? ಅಜ್ಜನ ಕಾಲದ ಅಗಳ ಕಾಣ್ತಿಲ್ವಾ?" ಅಂದರು. ಮಾವ ಅಡ್ಡಿಪಡಿಸಿದ್ದನ್ನು ಸರ್ವೆಯರ್ ಪಂಚನಾಮೆಯಲ್ಲಿ ಬರೆದು ವಾಪಸ್ ಹೋದರು. ಅದೇ ಕಾಗದದ ಮೇಲೆ ಠಾಣೆಗೆ ಪತ್ರ ಹೋಯಿತು. ಮುಂದಿನ ಸಲ ಇಬ್ಬರು ಪೊಲೀಸರು ಬಂದರು. ಒಬ್ಬರು ಇಡೀ ಹೊತ್ತು ಕಾಲಿಗೆ ಹತ್ತಿದ ಉಂಬಳ ಕೀಳುತ್ತಾ ನಿಂತಿದ್ದರು. ಮಾವ ತುಟಿ ಬಿಚ್ಚಲಿಲ್ಲ. ದರಕು (ಒಣ ಎಲೆ) ಸರಿಸಿ ಅಗೆದಾಗ ಹಳೇ ಬಾಂದು ಕಲ್ಲು, ಅಂದರೆ ಗಡಿಕಲ್ಲು, ಸಿಕ್ಕಿತು, ಅಗಳದಿಂದ ಆಚೆಗೆ. ಗೆದ್ದೆ ಅಂದುಕೊಂಡೆ.

ನಾನು ಎಡವಿದ್ದು ಅದಕ್ಕೂ ಮೊದಲೇ, ಅರ್ಜಿ ಬರೆಯುವಾಗ. ಮಾವನ ಜಮೀನು ಜಂಟಿ ಖಾತೆ. ಪಹಣಿಯ 9ನೇ ಕಾಲಂನಲ್ಲಿ ಮೂರು ಹೆಸರು: ಮಾವ, ಮುಂಬೈಯಲ್ಲಿರುವ ಅವರ ತಮ್ಮ, ತೀರಿಹೋದ ಅಣ್ಣನ ಹೆಂಡತಿ. ನಾನು ಅಕ್ಕಪಕ್ಕದ ಹಿಡುವಳಿದಾರರು ಅಂತ ಬರೆದದ್ದು ಮಾವನ ಹೆಸರೊಂದೇ. ಯಾಕೆ? ತೋಟದಲ್ಲಿ ಕಾಣುತ್ತಿದ್ದವರು ಅವರೊಬ್ಬರೇ, ಜಗಳಕ್ಕೆ ಬಂದವರೂ ಅವರೊಬ್ಬರೇ. ಅವರ ಪಹಣಿಯನ್ನು ನಾನು ತೆಗೆಸಿಯೇ ಇರಲಿಲ್ಲ. ನಾಡಕಚೇರಿಯಲ್ಲಿ ಐದು ನಿಮಿಷದ ಕೆಲಸ, ಮಾಡಲಿಲ್ಲ. ನೋಟಿಸ್ ಒಬ್ಬರಿಗೇ ಹೋಯಿತು. ಮುಂಬೈ ತಮ್ಮ ಮೇಲ್ಮನವಿ ಹಾಕಿದರು. ಕಲ್ಲು ತಪ್ಪು ಜಾಗದಲ್ಲಿದೆ ಅಂತ ಅವರು ಹೇಳಲೇ ಇಲ್ಲ. "ನನಗೆ ನೋಟಿಸೇ ಬಂದಿಲ್ಲ" ಅಂದರು, ಅಷ್ಟೇ. ಅಳತೆ ರದ್ದಾಯಿತು. ಪೊಲೀಸರ ಎದುರೇ ಅಳೆದದ್ದು ಅಂತ ಎಷ್ಟು ಹೇಳಿದರೂ ನಡೆಯಲಿಲ್ಲ. ಆ ಮೇಲ್ಮನವಿಗಾಗಿ ಒಂದೂವರೆ ವರ್ಷ ದೇವಿಮನೆ ಘಟ್ಟ ಇಳಿದು ಕಾರವಾರಕ್ಕೆ ಅಲೆದೆ. ವಕೀಲರ ಫೀಸು ಬೇರೆ.

ಹಾಗಾಗಿ ಪೊಲೀಸರನ್ನು ಕರೆಸುವುದು ಹೇಗೆ ಅನ್ನುವಲ್ಲಿಂದ ಶುರು ಮಾಡಬೇಡಿ. ಪೊಲೀಸರು ಗಲಾಟೆ ಆಗದ ಹಾಗೆ ನೋಡಿಕೊಳ್ಳುತ್ತಾರೆ, ಗಡಿ ಹೇಳುವುದಿಲ್ಲ. ನೀವೇ ಠಾಣೆಗೆ ಹೋದರೆ ಸಿವಿಲ್ ವಿಷಯ ಅಂತ ವಾಪಸ್ ಕಳಿಸುವುದೇ ಜಾಸ್ತಿ. ಸರ್ವೆ ಕಚೇರಿಯ ಪತ್ರ ಬೇಕು, ಇಲ್ಲವೇ ಕೋರ್ಟಿನ ಆದೇಶ. ಪತ್ರ ಹೋಗಬೇಕಾದರೆ ಅಡ್ಡಿಯಾದದ್ದು ಪಂಚನಾಮೆಯಲ್ಲಿ ಇರಬೇಕು. ಸರ್ವೆಯರ್ "ಇನ್ನೊಂದು ದಿನ ನೋಡೋಣ" ಅಂತ ಎದ್ದರೆ ಸುಮ್ನೆ ಬಿಡಬೇಡಿ, ಸಾಕ್ಷಿಗಳ ಸಹಿ ಹಾಕಿಸಿ ಬರೆಸಿ.

ಇನ್ನೊಂದು. ಅಳತೆ ಆದ ಮಾತ್ರಕ್ಕೆ ಒತ್ತಿದ ಜಾಗ ಕೈಗೆ ಬರುವುದಿಲ್ಲ. ಅವರು ಬಿಡದಿದ್ದರೆ ಸಿವಿಲ್ ದಾವೆಯೇ ಗತಿ. ಅಲ್ಲಿ ಕೋರ್ಟೇ ತನ್ನ ಪರವಾಗಿ ಒಬ್ಬ ಕಮಿಷನರ್ ನೇಮಿಸಿ ಅಳೆಸಬಹುದು. ಅದು ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 9. ನಿಮ್ಮ ವಕೀಲರಿಗೆ ಗೊತ್ತಿರುತ್ತದೆ.

ನಮ್ಮಲ್ಲಿ ಎರಡನೇ ಅಳತೆಗೆ ಮೂವರಿಗೂ ನೋಟಿಸ್ ಹೋಯಿತು. ಮುಂಬೈ ತಮ್ಮ ತಾವೇ ಬಂದು ಟೇಪಿನ ಒಂದು ತುದಿ ಹಿಡಿದರು. ಕಲ್ಲು ಅದೇ ಜಾಗದಲ್ಲಿ ಬಂತು. ಆ ದಿನ ಪೊಲೀಸರು ಯಾರೂ ಇರಲಿಲ್ಲ.

ನಿಮ್ಮ ಪಕ್ಕದವರ ಪಹಣಿ ತೆಗೆಸಿದ್ದೀರಾ? ಎಷ್ಟು ಹೆಸರಿದೆ, ಅದರಲ್ಲಿ ತೀರಿಹೋದವರು ಯಾರು ಅಂತ ಬರೆಯಿರಿ, ಮುಂದಿನದು ಹೇಳುತ್ತೇನೆ.