ವಿಮಾ ಕಂಪನಿಯ ವಸೂಲಿ ಅರ್ಜಿ: ಮಾಲೀಕರು ಎಲ್ಲಿ ಪ್ರಶ್ನಿಸಬೇಕು?

ಪ್ರಶ್ನೆ: ನಾನು ಬ್ಯಾಡಗಿ ತಾಲ್ಲೂಕಿನ ರೈತ. ಮೆಣಸಿನಕಾಯಿ ಚೀಲ ಸಾಗಿಸಲು ಇಟ್ಟುಕೊಂಡಿದ್ದ ನನ್ನ ಟಾಟಾ ಏಸ್ ಡಿಕ್ಕಿಯಾಗಿ ಬೈಕ್ ಸವಾರರೊಬ್ಬರು ತೀರಿಕೊಂಡರು. ವಿಮೆ ಚಾಲ್ತಿಯಲ್ಲಿತ್ತು. ಆದರೆ ಚಾಲಕನ ಬಳಿ ಲಘು ವಾಹನದ ಲೈಸೆನ್ಸ್ ಮಾತ್ರ ಇತ್ತೆಂಬ ಕಾರಣಕ್ಕೆ, ಕಂಪನಿಯು ಮೊದಲು ಪರಿಹಾರ ಕೊಟ್ಟು ಆಮೇಲೆ ನನ್ನಿಂದ ವಸೂಲು ಮಾಡಿಕೊಳ್ಳಲಿ ಎಂದು ನ್ಯಾಯಮಂಡಳಿ 2023ರಲ್ಲಿ ಆದೇಶಿಸಿತು. ಈಗ ಕಂಪನಿ ಹಾಕಿರುವ ಎಕ್ಸಿಕ್ಯೂಷನ್ ಅರ್ಜಿಯ ನೋಟಿಸನ್ನು ಅಮೀನರು ಮನೆಗೆ ತಂದುಕೊಟ್ಟಿದ್ದಾರೆ. ಬೇರೆ ದಾವೆ ಹೂಡದೆ ಹೀಗೆ ವಸೂಲು ಮಾಡಬಹುದೇ? ಹೊಲ ಜಪ್ತಿಯಾಗುವುದೇ?

ಉತ್ತರ: ಬೇರೆ ದಾವೆ ಬೇಕಿಲ್ಲ. ಕಂಪನಿಯು ಅದೇ ತೀರ್ಪಿನ ಆಧಾರದ ಮೇಲೆ ಅಮಲ್ಜಾರಿ (ಎಕ್ಸಿಕ್ಯೂಷನ್) ಅರ್ಜಿ ಹಾಕಬಹುದೆಂದು ಸುಪ್ರೀಂ ಕೋರ್ಟ್ ನಂಜಪ್ಪನ್ ಪ್ರಕರಣದಲ್ಲಿ 2004ರಲ್ಲಿಯೇ ಹೇಳಿದೆ. ಲೈಸೆನ್ಸಿನ ವಿಷಯವನ್ನು ಅಮಲ್ಜಾರಿ ನ್ಯಾಯಾಲಯದಲ್ಲಿ ವಾದಿಸಿಯೂ ಪ್ರಯೋಜನವಿಲ್ಲ. ತೀರ್ಪು ಸರಿಯೋ ತಪ್ಪೋ ಎಂದು ನೋಡುವ ಅಧಿಕಾರ ಅದಕ್ಕಿಲ್ಲ. ಎಷ್ಟೋ ಮಾಲೀಕರು ಅಲ್ಲಿ ತಕರಾರು ಸಲ್ಲಿಸುತ್ತ ತಿಂಗಳುಗಟ್ಟಲೆ ಕಾಲ ಕಳೆಯುತ್ತಾರೆ, ಅಷ್ಟರಲ್ಲಿ ಬಡ್ಡಿ ಬೆಳೆದಿರುತ್ತದೆ. ನೀವು ಹೋಗಬೇಕಾದದ್ದು ಮೋಟಾರು ವಾಹನ ಕಾಯ್ದೆಯ 173ನೇ ಕಲಮಿನ ಮೇಲ್ಮನವಿಯೊಂದಿಗೆ ಧಾರವಾಡದ ಹೈಕೋರ್ಟ್ ಪೀಠಕ್ಕೆ.

ಅಲ್ಲಿ ನಿಮ್ಮ ವಾದಕ್ಕೆ ಬಲವಿದೆ. ಒಟ್ಟು ತೂಕ 7,500 ಕಿಲೋ ಮೀರದ ಸಾರಿಗೆ ವಾಹನವನ್ನು ಲಘು ವಾಹನದ ಲೈಸೆನ್ಸ್ ಇರುವವರು ಓಡಿಸಬಹುದು, ಅದಕ್ಕಾಗಿ ಲೈಸೆನ್ಸಿನಲ್ಲಿ ಪ್ರತ್ಯೇಕ ನಮೂದು (ಎಂಡಾರ್ಸ್‌ಮೆಂಟ್) ಬೇಕಿಲ್ಲ ಎಂದು ಸುಪ್ರೀಂ ಕೋರ್ಟ್ ಮುಕುಂದ್ ದೇವಾಂಗನ್ ಪ್ರಕರಣದಲ್ಲಿ 2017ರಲ್ಲಿ ತೀರ್ಪಿತ್ತಿತ್ತು. ರಂಭಾ ದೇವಿ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ 2024ರ ನವೆಂಬರಿನಲ್ಲಿ ಅದನ್ನು ಎತ್ತಿಹಿಡಿಯಿತು. ಎರಡನೆಯ ತೀರ್ಪನ್ನಷ್ಟೇ ನೆಚ್ಚಿಕೊಂಡರೆ ‘ಕಾನೂನು ಆಮೇಲೆ ಬದಲಾಯಿತು’ ಎನ್ನುವ ದುರ್ಬಲ ವಾದವಾಗುತ್ತದೆ. ನಿಮ್ಮ ಪ್ರಕರಣ ತೀರ್ಮಾನವಾದ 2023ರಲ್ಲಿಯೂ 2017ರ ತೀರ್ಪು ಜಾರಿಯಲ್ಲಿತ್ತು ಎಂಬುದನ್ನೇ ಮುಂದಿಡಬೇಕು. ನಿಮ್ಮ ಆರ್.ಸಿ.ಯಲ್ಲಿ ನಮೂದಾಗಿರುವ ಒಟ್ಟು ತೂಕವನ್ನು ನೋಡಿ. ಟಾಟಾ ಏಸ್‌ನಂಥ ಗಾಡಿಯ ತೂಕ ಆ ಮಿತಿಗಿಂತ ಬಹಳ ಕೆಳಗಿರುತ್ತದೆ. ಲೈಸೆನ್ಸಿನ ಲೋಪವಿದ್ದರೂ ಅದರಲ್ಲಿ ಮಾಲೀಕನ ನಿರ್ಲಕ್ಷ್ಯವಿತ್ತೆಂದು ಕಂಪನಿಯೇ ಸಾಬೀತುಪಡಿಸಬೇಕೆಂಬ ಸ್ವರಣ್ ಸಿಂಗ್ ಪ್ರಕರಣದ (2004) ತತ್ವವೂ ನಿಮ್ಮ ನೆರವಿಗಿದೆ.

ನನಗೆ ಆತಂಕವಿರುವುದು ವಿಳಂಬದ ಬಗ್ಗೆ. ಮೇಲ್ಮನವಿಯ ಅವಧಿ 90 ದಿನ. ಅದು ಮೀರಿರುವುದರಿಂದ ವಿಳಂಬ ಮನ್ನಾ ಅರ್ಜಿ ಮತ್ತು ಪ್ರಮಾಣಪತ್ರ (ಅಫಿಡವಿಟ್) ಬೇಕು. ಸಮನ್ಸ್ ನಿಮಗೆ ಮುಟ್ಟಿತ್ತೇ, ವಕೀಲರನ್ನು ನೇಮಿಸಿದ್ದಿರೇ, ತೀರ್ಪಿನ ಸಂಗತಿ ನಿಮಗೆ ಯಾವಾಗ ಗೊತ್ತಾಯಿತು ಎಂಬುದನ್ನೆಲ್ಲ ಇದ್ದದ್ದು ಇದ್ದಂತೆಯೇ ಬರೆಯಿಸಿ. ಸಮನ್ಸ್ ಪಡೆದ ಸಹಿ ಕಡತದಲ್ಲಿರುವಾಗ ‘ಗೊತ್ತೇ ಇರಲಿಲ್ಲ’ ಎಂದು ಬರೆದರೆ ಮೇಲ್ಮನವಿ ಬಾಗಿಲಲ್ಲೇ ಬೀಳುತ್ತದೆ. ಹಣ ಕೊಡಬೇಕಾದವರು ಮೇಲ್ಮನವಿ ಸಲ್ಲಿಸುವಾಗ 25,000 ರೂಪಾಯಿ ಅಥವಾ ತೀರ್ಪಿನ ಅರ್ಧ ಮೊತ್ತ, ಯಾವುದು ಕಡಿಮೆಯೋ ಅದನ್ನು ಠೇವಣಿ ಇಡಬೇಕು.

ಮೇಲ್ಮನವಿ ಸಲ್ಲಿಸಿದ ಮಾತ್ರಕ್ಕೆ ವಸೂಲಿ ನಿಲ್ಲುವುದಿಲ್ಲ. ತಡೆಯಾಜ್ಞೆಗೆ ಬೇರೆ ಅರ್ಜಿ ಬೇಕು. ಮೊತ್ತದ ಒಂದು ಭಾಗ ಕಟ್ಟುವಂತೆ ಹೈಕೋರ್ಟ್ ಷರತ್ತು ಹಾಕಬಹುದು. ತಡೆಯಾಜ್ಞೆ ಕೈಸೇರುವವರೆಗೆ ಅಮಲ್ಜಾರಿ ನ್ಯಾಯಾಲಯದ ಯಾವ ಮುದ್ದತನ್ನೂ (ವಿಚಾರಣೆಯ ದಿನ) ತಪ್ಪಿಸಬೇಡಿ. ಹೊಲ ಜಪ್ತಿಗೆ ಒಳಗಾಗಬಹುದು, ಆ ಭಯ ಸುಳ್ಳಲ್ಲ. ಆದರೆ ರೈತನು ವಾಸವಿರುವ ಮನೆ, ಬೇಸಾಯದ ಸಲಕರಣೆ, ಜೀವನೋಪಾಯಕ್ಕೆ ಅಗತ್ಯವಾದ ಎತ್ತು ಮತ್ತು ಬಿತ್ತನೆ ಬೀಜವನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಮು ಜಪ್ತಿಯಿಂದ ರಕ್ಷಿಸುತ್ತದೆ.

ಮೃತರ ಕುಟುಂಬಕ್ಕೆ ಸಂದಿರುವ ಹಣವನ್ನು ಮಾತ್ರ ಈ ಮೇಲ್ಮನವಿಯಲ್ಲಿ ಪ್ರಶ್ನಿಸಬೇಡಿ. ನಿಮ್ಮ ವ್ಯಾಜ್ಯವಿರುವುದು ಕಂಪನಿಯ ಜೊತೆ. ದುಡಿಯುವವರನ್ನು ಕಳೆದುಕೊಂಡವರನ್ನು ಮತ್ತೆ ಕೋರ್ಟಿಗೆ ಅಲೆಸುವುದು ನ್ಯಾಯವಲ್ಲ. ತೀರ್ಪಿನ ದೃಢೀಕೃತ ನಕಲು, ಪಾಲಿಸಿ, ಆರ್.ಸಿ., ಚಾಲಕನ ಲೈಸೆನ್ಸ್ ಮತ್ತು ಅಮೀನರು ಕೊಟ್ಟ ನೋಟಿಸನ್ನು ಹಿಡಿದುಕೊಂಡು ಈ ವಾರದಲ್ಲೇ ಧಾರವಾಡದ ವಕೀಲರೊಬ್ಬರನ್ನು ಕಾಣಿ.