ಪ್ರತಿಕ್ರಿಯೆ: ಸುಗ್ಗಿ ಹಬ್ಬ ಮಳೆಗಾಲಕ್ಕೆ ಜಾರಿರುವ ಬಗ್ಗೆ

ನಿಮ್ಮ ಕಥೆಯ ಕಲ್ಪಿತ ಲೋಕದಲ್ಲಿ ಸುಗ್ಗಿ ಹಬ್ಬ ಮಳೆಗಾಲಕ್ಕೆ ಜಾರಿರುವುದೇಕೆ, ಅದನ್ನು ಸರಿಪಡಿಸುವುದು ಹೇಗೆ ಎಂದು ಕೇಳಿದ್ದೀರಿ. ಹಬ್ಬವು ಹದಿನೈದು ವರ್ಷಗಳಲ್ಲಿ ಮಳೆಗಾಲಕ್ಕೆ ಬಂದು ನಿಲ್ಲಲು ಕಾರಣ, 30 ದಿನಗಳ ಹನ್ನೆರಡು ಚಾಂದ್ರ ತಿಂಗಳುಗಳು ಸೇರಿ 360 ದಿನಗಳಷ್ಟೇ ಆಗುವುದು. ನೀವು ಕೊಟ್ಟಿರುವ ಸೌರ ವರ್ಷ 372 ದಿನಗಳದ್ದು. ವರ್ಷಕ್ಕೆ 12 ದಿನಗಳಂತೆ ಹಬ್ಬ ಮುಂಚಿತವಾಗಿ ಬರುತ್ತಾ 180 ದಿನ ಸರಿದಿದೆ.

ಮೊದಲು ವರ್ಷವನ್ನು 31 ದಿನಗಳ ಹನ್ನೆರಡು ಭಾಗಗಳಾಗಿ ಮಾಡಿ, ಪ್ರತಿ ಭಾಗದ ಮೊದಲ ದಿನವನ್ನು ಸಂಕ್ರಾಂತಿಯೆಂದು ಗುರುತಿಸಿಕೊಳ್ಳಿ. ಬಳಿಕ, ನಮ್ಮ ಪಂಚಾಂಗದಲ್ಲಿರುವಂತೆಯೇ, ಎರಡು ಅಮಾವಾಸ್ಯೆಗಳ ನಡುವೆ ಸಂಕ್ರಾಂತಿಯೇ ಬಾರದ ತಿಂಗಳನ್ನು ಅಧಿಕ ಮಾಸವೆಂದು ಹಿಡಿದು, ಅದಕ್ಕೆ ಮುಂದಿನ ತಿಂಗಳ ಹೆಸರನ್ನೇ ಕೊಡಿ. ಮೊದಲ ತಿಂಗಳೂ ಮೊದಲ ಸಂಕ್ರಾಂತಿಯೂ ಒಂದೇ ದಿನ ಆರಂಭವಾದರೆ 31ನೆಯ ಮತ್ತು 62ನೆಯ ತಿಂಗಳುಗಳು ಅಧಿಕವಾಗುತ್ತವೆ. 62 ತಿಂಗಳೆಂದರೆ 1860 ದಿನ, ಐದು ಸೌರ ವರ್ಷವೂ ಅಷ್ಟೇ. ಲೆಕ್ಕ ಇಷ್ಟು ಚೆನ್ನಾಗಿ ಕೂಡಿಬರುವುದು ಅಪರೂಪ. ದಯವಿಟ್ಟು ಈ ಸಂಖ್ಯೆಗಳನ್ನು ಬದಲಿಸಬೇಡಿ.

ಹಬ್ಬವನ್ನು ನಿಜ ಮಾಸದಲ್ಲಿಯೇ, ಎಂದರೆ ಅಧಿಕವಲ್ಲದ ತಿಂಗಳಲ್ಲಿಯೇ, ಇಡಿ. ಆಗಲೂ ಅದು ಒಂದು ತಿಂಗಳೊಳಗೆ ಹಿಂದುಮುಂದಾಗುತ್ತದೆ. ಅದನ್ನು ದೋಷವೆಂದು ಅಳಿಸದೆ ಕಥೆಗೆ ಬಳಸಿಕೊಳ್ಳಿ. ಗದಗ ಸೀಮೆಯಲ್ಲಿ ಎಳ್ಳ ಅಮಾವಾಸ್ಯೆ ಡಿಸೆಂಬರ್ ನಡುವಿನಿಂದ ಜನವರಿ ನಡುವಿನವರೆಗೆ ಎಂದಾದರೂ ಬರುವುದರಿಂದ, ಎರೆಹೊಲದಲ್ಲಿ ಚರಗ ಚೆಲ್ಲುವಾಗ (ಭೂಮಿತಾಯಿಗೆ ಎಡೆಯ ಅಡುಗೆಯನ್ನು ಹೊಲದಲ್ಲಿ ಚೆಲ್ಲುವಾಗ) ಒಂದು ವರ್ಷ ಬಿಳಿಜೋಳ ಇನ್ನೂ ತೆನೆ ಹೊರಬಾರದ ಹೊಡೆಯಲ್ಲಿದ್ದರೆ ಮತ್ತೊಂದು ವರ್ಷ ತೆನೆ ಹಾಲುಗಟ್ಟಿರಬಹುದು.

ಆದರೆ 30 ದಿನವೆಂಬುದು ಅಮಾವಾಸ್ಯೆಯಿಂದ ಅಮಾವಾಸ್ಯೆಗೋ, ಚಂದ್ರನು ಅದೇ ನಕ್ಷತ್ರದ ಬಳಿಗೆ ಮರಳುವ ಅವಧಿಯೋ ಎಂಬುದು ನಿಮ್ಮ ಪ್ರಶ್ನೆಯಲ್ಲಿ ಸ್ಪಷ್ಟವಿಲ್ಲ. ಎರಡನೆಯದಾದರೆ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಎಣಿಸುವ ಚಾಂದ್ರ ತಿಂಗಳು ಸುಮಾರು 32.6 ದಿನಗಳಾಗಿ ಮೇಲಿನ ಲೆಕ್ಕ ಹೊಂದುವುದಿಲ್ಲ. ಮೊದಲು ಅದನ್ನು ನಿರ್ಧರಿಸಿಕೊಳ್ಳಿ.