ಗೇಮ್ ಮಧ್ಯೆ ಪಾಪ್‌ಅಪ್ ಕಾಟ: ಆ ಬ್ಯಾಟ್ ಫೈಲ್ ಒತ್ತೋಕೆ ಮುಂಚೆ ಇದನ್ನ ಓದು

ತಮ್ಮಾ, ತಡಿ ಒಂದ್ನಿಮಿಷ. ಯೂಟ್ಯೂಬ್ ವಿಡಿಯೋ ಕೆಳಗಿಂದ ಆ ಡಿಬ್ಲೋಟ್ ಫೈಲ್ (ವಿಂಡೋಸ್‌ನಲ್ಲಿ ಬೇಡ ಅನ್ಸಿದ್ದನ್ನೆಲ್ಲ ಒಂದೇ ಏಟಿಗೆ ಕಿತ್ತು ಹಾಕೋ ಬ್ಯಾಟ್ ಸ್ಕ್ರಿಪ್ಟ್) ಇಳಿಸ್ಕೊಂಡಿದ್ರೆ ಇಳಿಸ್ಕೊಂಡಿರು, ರನ್ ಆಸ್ ಅಡ್ಮಿನಿಸ್ಟ್ರೇಟರ್ ಮಾತ್ರ ಕೊಡ್ಬೇಡ. "ವ್ಯಾಲೊರಂಟ್ ಆಡ್ತಿರುವಾಗ ಏನೋ ಬಂದು ಗೇಮ್ ಮಿನಿಮೈಸ್ ಆಗತ್ತೆ, ಅದಕ್ಕೆ ನೋಟಿಫಿಕೇಶನ್, ಅಪ್‌ಡೇಟ್, ಡಿಫೆಂಡರ್ ಆಂಟಿವೈರಸ್ ಎಲ್ಲಾ ಸರ್ವಿಸ್ ಸಮೇತ ಕಿತ್ತು ಹಾಕ್ತೀನಿ" ಅಂತ ಬರ್ದಿದೀಯಲ್ಲ, 2021ರಲ್ಲಿ ನಾನೂ ಹಿಂಗೇ ಅಂದಿದ್ದೆ, ಅಂದಿದ್ದು ಮಾತ್ರ ಅಲ್ಲ ಮಾಡಿದ್ದೆ, ದಂಡ ತೆತ್ತಿದ್ದು ನಮ್ಮಪ್ಪ.

ಮೇಲೆ ಕಾಮೆಂಟಲ್ಲಿ ಮೂರ್ನಾಲ್ಕು ಜನ ಡು ನಾಟ್ ಡಿಸ್ಟರ್ಬ್ (ನೋಟಿಫಿಕೇಶನ್ ತಡೆಯೋ ಸೆಟ್ಟಿಂಗ್) ಆನ್ ಮಾಡು ಅಂದಿದಾರೆ. ಮಾಡು, ತಪ್ಪಿಲ್ಲ, ಆದ್ರೆ ನಿನ್ನ ಕಾಯಿಲೆಗೆ ಅದು ಮದ್ದಲ್ಲ. ಇಲ್ಲಿ ಎರಡು ಬೇರೆ ಬೇರೆ ಸಮಸ್ಯೆ ಇದೆ, ಎಲ್ಲರೂ ಎರಡನ್ನೂ ಪಾಪ್‌ಅಪ್ ಅಂತಾನೇ ಕರೀತಾರೆ. ಬಲಗಡೆ ಕೆಳಗೆ ಮೂಲೇಲಿ ಟಿಂಗ್ ಅಂತ ಬಂದು ಹೋಗೋದು ಟೋಸ್ಟ್, ಅದು ಕಣ್ಣಿಗೆ ಅಡ್ಡ ಬರತ್ತೆ, ಸಿಟ್ಟು ಬರ್ಸತ್ತೆ, ಆದ್ರೆ ಗೇಮ್‌ನ ಮಿನಿಮೈಸ್ ಮಾಡಲ್ಲ. ಮಿನಿಮೈಸ್ ಮಾಡೋದು ಯಾವುದೋ ಪ್ರೋಗ್ರಾಮ್ ತನ್ನದೇ ಕಿಟಕಿ ತೆಗೆದು ಫೋಕಸ್ (ಕೀಬೋರ್ಡ್, ಮೌಸ್ ಯಾವ ಕಿಟಕಿ ಮಾತು ಕೇಳ್ಬೇಕು ಅನ್ನೋ ಹಕ್ಕು) ಕಿತ್ಕೊಂಡಾಗ. ಆ ಕಿಟಕಿ ಅರ್ಧ ಸೆಕೆಂಡಲ್ಲಿ ಮುಚ್ಚಿ ಹೋಗಬಹುದು, ನಿಂಗೆ ಕಾಣಿಸೋದೂ ಇಲ್ಲ, ಆದ್ರೆ ಅಷ್ಟರಲ್ಲಿ ಇಡೀ ಸ್ಕ್ರೀನ್ ಗೇಮ್‌ಗೇ ಕೊಡೋ ಎಕ್ಸ್‌ಕ್ಲೂಸಿವ್ ಫುಲ್‌ಸ್ಕ್ರೀನ್‌ನಲ್ಲಿದ್ದ ಗೇಮ್ ಟಾಸ್ಕ್‌ಬಾರಿಗೆ ಇಳಿದಿರತ್ತೆ. ಇದಕ್ಕೆ ನೋಟಿಫಿಕೇಶನ್ ಆಫ್ ಮಾಡಿ ಏನು ಪ್ರಯೋಜನ ಹೇಳು.

ನಂಗೆ ಇದು ಗೊತ್ತಿರ್ಲಿಲ್ಲ. ಗಂಟೆಗೊಂದು ಸಲ ಕಪ್ಪು ಕಿಟಕಿ ಮಿಂಚಿ ಹೋಗೋದು, ಗೇಮ್ ಕೆಳಗೆ ಹೋಗೋದು. ಯಾರೋ ಹೇಳಿದ್ರು ಅಂತ ಇಂಥದ್ದೇ ಒಂದು ಸ್ಕ್ರಿಪ್ಟ್ ಹಾಕ್ದೆ. ಅದು ಪುಶ್ ನೋಟಿಫಿಕೇಶನ್ ಸರ್ವಿಸ್ ಆಫ್ ಮಾಡ್ತು, ಡಿಫೆಂಡರ್ ಆಫ್ ಮಾಡ್ತು, ಅಪ್‌ಡೇಟ್ ಆಫ್ ಮಾಡ್ತು, ಎಕ್ಸ್‌ಬಾಕ್ಸ್ ಹೆಸರಿದ್ದಿದ್ದೆಲ್ಲ ಕಿತ್ತು ಹಾಕ್ತು. ಎರಡು ದಿನ ಸ್ವರ್ಗ, ಒಂದು ಟೋಸ್ಟ್ ಇಲ್ಲ. ಮೂರನೇ ದಿನ ಎಕ್ಸ್‌ಬಾಕ್ಸ್‌ನ ಗೇಮ್ ಪಾಸ್‌ನಿಂದ ಒಂದು ಗೇಮ್ ಇಳಿಸೋಣ ಅಂತ ಹೋದ್ರೆ ಸ್ಟೋರ್ ತೆಗೀತಿದ್ದಂಗೇ ಮುಚ್ಕೊಳತ್ತೆ, ಗೇಮಿಂಗ್ ಸರ್ವಿಸಸ್ ಇನ್‌ಸ್ಟಾಲ್ ಆಗಲ್ಲ, ವಿಂಡೋಸ್ ಸೆಕ್ಯುರಿಟಿ ಪೇಜ್ ಖಾಲಿ. ಇಷ್ಟೆಲ್ಲ ಆದ್ಮೇಲೂ ಆ ಕಪ್ಪು ಕಿಟಕಿ ಮಾತ್ರ ಗಂಟೆಗೊಂದು ಸಲ ತಪ್ಪದೇ ಬರ್ತಿತ್ತು ಮಾರಾಯ! ಹಳೇ ಸ್ಥಿತಿಗೆ ವಾಪಸ್ ಹೋಗೋಕೆ ರಿಸ್ಟೋರ್ ಪಾಯಿಂಟೂ ಇರ್ಲಿಲ್ಲ. ಸಿಟ್ಟಲ್ಲಿ ಪೆನ್‌ಡ್ರೈವ್ ಹಾಕಿ ಸಿ ಡ್ರೈವ್ ಫಾರ್ಮ್ಯಾಟ್ ಹೊಡ್ದೆ. ಡಿ ಡ್ರೈವಲ್ಲಿ ನನ್ನ ಗೇಮ್ ಎಲ್ಲ ಸೇಫ್. ಡೆಸ್ಕ್‌ಟಾಪ್ ಅನ್ನೋದು ಸಿ ಡ್ರೈವಲ್ಲೇ ಇರತ್ತೆ, ಅಲ್ಲಿ ಅಪ್ಪ ಮೂರು ವರ್ಷದಿಂದ ಬರ್ಕೊಂಡು ಬಂದಿದ್ದ ಅಡಿಕೆ ಲೆಕ್ಕದ ಎಕ್ಸೆಲ್ ಶೀಟ್ ಇತ್ತು ಅನ್ನೋದು ಫಾರ್ಮ್ಯಾಟ್ ಮುಗಿದ್ಮೇಲೆ ನೆನಪಾಯ್ತು. ಅಪ್ಪ ಬೈಲಿಲ್ಲ. "ಪುಸ್ತಕದಲ್ಲೇ ಬರ್ದಿದ್ರೆ ಇರ್ತಿತ್ತು" ಅಂದು ಎದ್ದು ಹೋದ್ರು. ಬೈದಿದ್ರೇ ಚೆನ್ನಾಗಿತ್ತು.

ಕಳ್ಳ ಯಾರು ಅಂತ ಸಿಕ್ಕಿದ್ದು ಹೊಸ ವಿಂಡೋಸ್ ಹಾಕಿ ಹಳೇ ಸಾಫ್ಟ್‌ವೇರ್ ಎಲ್ಲ ವಾಪಸ್ ಹಾಕಿದ್ಮೇಲೆ, ಯಾಕಂದ್ರೆ ಅದೂ ವಾಪಸ್ ಬಂತು. ಪ್ರಿಂಟರ್‌ದು. ಕಂಪನಿ ಹೆಸರು ಬೇಡ. ಇಂಕ್ ಎಷ್ಟಿದೆ ಅಂತ ಗಂಟೆಗೊಂದು ಸಲ ನೋಡೋ ಒಂದು ಟಾಸ್ಕ್, ಆ ಪ್ರಿಂಟರ್ ಗುಜರಿಗೆ ಹೋಗಿ ವರ್ಷ ಆಗಿತ್ತು, ನಾನು ಅಭ್ಯಾಸಬಲದಿಂದ ಅದರ ಸಾಫ್ಟ್‌ವೇರ್ ಮತ್ತೆ ಹಾಕಿದ್ದೆ.

ಹಾಗಾಗಿ ನೀನು ಮೊದಲು ಮಾಡ್ಬೇಕಾದ್ದು ಹಿಡಿಯೋ ಕೆಲಸ. ಗೇಮ್ ಮಿನಿಮೈಸ್ ಆದ ತಕ್ಷಣ ಗಡಿಯಾರ ನೋಡಿ ನಿಮಿಷ ಸಮೇತ ಬರ್ಕೋ. ಟಾಸ್ಕ್ ಶೆಡ್ಯೂಲರ್ (ಹೊತ್ತು ಹೊತ್ತಿಗೆ ತಾನಾಗೇ ಪ್ರೋಗ್ರಾಮ್ ಓಡಿಸೋ ವಿಂಡೋಸ್ ಟೂಲ್) ತೆಗಿ, ಬಲಗಡೆ ಎನೇಬಲ್ ಆಲ್ ಟಾಸ್ಕ್ಸ್ ಹಿಸ್ಟರಿ ಅಂತಿರತ್ತೆ, ಅದು ಮೊದಲಿಗೆ ಆಫ್ ಇರತ್ತೆ, ಆನ್ ಮಾಡು. ಎಡಗಡೆ ಲೈಬ್ರರಿಲಿ ಲಾಸ್ಟ್ ರನ್ ಟೈಮ್ ಕಾಲಂ ನೋಡು, ನೀ ಬರ್ದಿಟ್ಟ ನಿಮಿಷಕ್ಕೆ ಯಾವ್ದು ಓಡಿದೆಯೋ ಅದೇ ಕಳ್ಳ. ಒಳಗಿನ ಫೋಲ್ಡರ್‌ಗಳನ್ನೂ ಒಂದೊಂದೇ ತೆಗೆದು ನೋಡ್ಬೇಕು, ಮೇಲಿನದ್ದು ಮಾತ್ರ ನೋಡಿ ಏನೂ ಇಲ್ಲ ಅನ್ಬೇಡ. 2017ರಲ್ಲಿ ಮೈಕ್ರೋಸಾಫ್ಟ್ ಆಫೀಸ್‌ದೇ ಒಂದು ಬ್ಯಾಕ್‌ಗ್ರೌಂಡ್ ಟಾಸ್ಕ್ ಹಿಂಗೇ ಗಂಟೆಗೊಂದು ಸಲ ಕಿಟಕಿ ಮಿಂಚಿಸಿ ಜಗತ್ತಿನ ಗೇಮರ್‌ಗಳ ಹತ್ರ ಎಲ್ಲ ಬೈಸ್ಕೊಂಡಿತ್ತು, ಆಮೇಲೆ ಅಪ್‌ಡೇಟಲ್ಲಿ ಸರಿ ಮಾಡಿದ್ರು. ಅಂದ್ರೆ ದೊಡ್ಡೋರ ಮನೇಲೂ ಆಗತ್ತೆ. ಸಿಕ್ಕಿದ್ಮೇಲೆ ಡಿಲೀಟ್ ಮಾಡ್ಬೇಡ, ಡಿಸೇಬಲ್ ಮಾಡು, ಎರಡು ದಿನ ನೋಡು. ಶೆಡ್ಯೂಲರಲ್ಲಿ ಸಿಗ್ಲಿಲ್ಲ ಅಂದ್ರೆ ಸಿಸ್‌ಇಂಟರ್ನಲ್ಸ್‌ದು ಆಟೋರನ್ಸ್ ಅಂತ ಇದೆ, ತಾನಾಗೇ ಶುರು ಆಗೋ ಪ್ರೋಗ್ರಾಮ್‌ಗಳ ಪಟ್ಟಿ ತೋರ್ಸತ್ತೆ, ಮೈಕ್ರೋಸಾಫ್ಟ್‌ದೇ ಫ್ರೀ ಟೂಲ್, ಹೈಡ್ ಮೈಕ್ರೋಸಾಫ್ಟ್ ಎಂಟ್ರೀಸ್ ಕೊಟ್ರೆ ಉಳಿದಿದ್ದೆಲ್ಲ ಹೊರಗಿನವರದ್ದು, ಅಲ್ಲಿ ಒಂದೊಂದೇ ಟಿಕ್ ತೆಗಿ. ಒಂದೇ ಸಲ ಎಲ್ಲಾ ತೆಗೆದ್ರೆ ಮತ್ತೆ ನನ್ನ ಕಥೆನೇ.

ಹಿಡಿಯೋ ತನಕ ತಾತ್ಕಾಲಿಕಕ್ಕೆ ವ್ಯಾಲೊರಂಟ್‌ನಲ್ಲಿ ಡಿಸ್‌ಪ್ಲೇ ಮೋಡ್ ವಿಂಡೋಡ್ ಫುಲ್‌ಸ್ಕ್ರೀನ್ ಇಟ್ಕೋ. ಫೋಕಸ್ ಹೋದ್ರೂ ಗೇಮ್ ಕಣ್ಣ ಮುಂದೆನೇ ಇರತ್ತೆ, ಒಂದು ಕ್ಲಿಕ್ ಹೊಡೆದ್ರೆ ವಾಪಸ್. ಲೇಟೆನ್ಸಿ (ಒತ್ತಿದ್ದು ಸ್ಕ್ರೀನಲ್ಲಿ ಕಾಣೋಕೆ ಆಗೋ ತಡ) ಜಾಸ್ತಿ ಆಗತ್ತೆ ಅಂತ ಯಾರಾದ್ರೂ ಬರ್ತಾರೆ ಈಗ, ಸ್ವಲ್ಪ ಆಗಬಹುದು, ವಿಂಡೋಸ್ 11ರಲ್ಲಿ ಗ್ರಾಫಿಕ್ಸ್ ಸೆಟ್ಟಿಂಗ್ಸ್ ಒಳಗೆ ಆಪ್ಟಿಮೈಸೇಶನ್ಸ್ ಫಾರ್ ವಿಂಡೋಡ್ ಗೇಮ್ಸ್ ಆನ್ ಮಾಡಿದ್ರೆ ಡೈರೆಕ್ಟ್‌ಎಕ್ಸ್ 10, 11 ಗೇಮ್‌ಗಳಿಗೆ ಅದೂ ಕಮ್ಮಿ ಆಗತ್ತೆ. ಸಿಲ್ವರ್ ರ‍್ಯಾಂಕಲ್ಲಿ ಇರೋರು ಲೇಟೆನ್ಸಿ ಬಗ್ಗೆ ಮಾತಾಡ್ಬಾರ್ದು, ನನ್ನನ್ನೂ ಸೇರಿಸಿ ಹೇಳ್ತಿದೀನಿ.

ಈಗ ನಾನು ಮಾಡ್ತಿರೋದು ಹೇಳ್ತೀನಿ, ನಾಲ್ಕು ವರ್ಷ ಆಯ್ತು, ಇದನ್ನ ಯಾಕೆ ಯಾರೂ ಮಾಡಲ್ವೋ ಗೊತ್ತಿಲ್ಲ. ಗೇಮಿಗೇ ಬೇರೆ ಯೂಸರ್ ಅಕೌಂಟ್. ಸೆಟ್ಟಿಂಗ್ಸ್, ಅಕೌಂಟ್ಸ್, ಅದರ್ ಯೂಸರ್ಸ್, ಆ್ಯಡ್ ಅಕೌಂಟ್, ಅಲ್ಲಿ ಐ ಡೋಂಟ್ ಹ್ಯಾವ್ ದಿಸ್ ಪರ್ಸನ್ಸ್ ಸೈನ್ ಇನ್ ಇನ್ಫರ್ಮೇಶನ್ ಅಂತ ಕೊಟ್ಟು ಮೈಕ್ರೋಸಾಫ್ಟ್ ಅಕೌಂಟ್ ಇಲ್ಲದ ಯೂಸರ್ ಮಾಡ್ಕೋ. ಅಲ್ಲಿ ಕ್ರೋಮ್ ತೆಗೀಬೇಡ, ವಾಟ್ಸಾಪ್ ಲಾಗಿನ್ ಬೇಡ, ಮೇಲ್ ಬೇಡ, ಒನ್‌ಡ್ರೈವ್ ಬೇಡ, ಫೋನ್ ಲಿಂಕ್ ಅಂತೂ ಬೇಡವೇ ಬೇಡ. ಬ್ರೌಸರ್ ಅನುಮತಿ, ಕೀಬೋರ್ಡ್ ಭಾಷೆ, ನೋಟಿಫಿಕೇಶನ್ ಸೆಟ್ಟಿಂಗ್ ಎಲ್ಲ ಯೂಸರ್ ಯೂಸರಿಗೆ ಬೇರೆ ಇರತ್ತೆ, ಹಾಗಾಗಿ ಹೊಸ ಮನೆ ಇದ್ದಂಗೆ. ಸ್ಟೀಮ್ ಗೇಮ್ ಮತ್ತೆ ಇಳಿಸೋದು ಬೇಡ, ಲಾಗಿನ್ ಆದ್ರೆ ಸಾಕು.

ತೊಂದ್ರೆಗಳೂ ಇವೆ, ಆಮೇಲೆ ಬೈಬೇಡ. ಸ್ವಿಚ್ ಯೂಸರ್ ಕೊಟ್ಟು ಬಂದ್ರೆ ಹಳೇ ಅಕೌಂಟಿನ ಪ್ರೋಗ್ರಾಮ್ ಎಲ್ಲ ಹಿಂದೆ ಓಡ್ತಾನೇ ಇರತ್ತೆ, ಸೈನ್ ಔಟ್ ಆಗಿಯೇ ಬರ್ಬೇಕು. ಕೆಲವು ಗೇಮ್‌ಗಳ ಸೇವ್ ಡಾಕ್ಯುಮೆಂಟ್ಸಲ್ಲೋ ಆಪ್‌ಡೇಟಾದಲ್ಲೋ ಇರತ್ತೆ, ಕ್ಲೌಡ್ ಸೇವ್ ಇಲ್ದಿದ್ರೆ ಹೊಸ ಅಕೌಂಟಲ್ಲಿ ಮೊದಲಿಂದ ಶುರು, ಕಾಪಿ ಮಾಡ್ಕೊಂಡು ಹೋಗು. ಡಿಸ್ಕಾರ್ಡ್ ಒಬ್ಬ ಯೂಸರಿಗೆ ಮಾತ್ರ ಇನ್‌ಸ್ಟಾಲ್ ಆಗೋದು, ಇಲ್ಲಿ ಮತ್ತೆ ಹಾಕ್ಬೇಕು. ಮುಖ್ಯವಾಗಿ ಹೊಸ ಅಕೌಂಟಲ್ಲಿ ಮೌಸ್‌ದು ಎನ್‌ಹಾನ್ಸ್ ಪಾಯಿಂಟರ್ ಪ್ರಿಸಿಶನ್ ಆನ್ ಇರತ್ತೆ, ಅದು ಕೈ ವೇಗಕ್ಕೆ ತಕ್ಕಂಗೆ ಪಾಯಿಂಟರ್ ಓಟ ಬದಲಿಸತ್ತೆ, ಆಫ್ ಮಾಡ್ದೆ ಮ್ಯಾಚಿಗೆ ಹೋಗಿ ಏಮ್ ಹೋಯ್ತು ಅಂತ ಇಲ್ಲಿ ಬಂದು ಅಳಬೇಡ. ಇನ್ನೊಂದು, ಎಲ್ಲಾ ಯೂಸರಿಗೂ ಸೇರಿ ಹಾಕಿರೋ ಶೆಡ್ಯೂಲ್ಡ್ ಟಾಸ್ಕ್ ಇಲ್ಲೂ ಓಡತ್ತೆ, ಆದ್ರಿಂದ ಕಳ್ಳನ್ನ ಹಿಡಿಯೋ ಕೆಲಸ ಬಿಡೋಂಗಿಲ್ಲ.

ನಂಗೆ ಈ ಐಡಿಯಾ ಬಂದಿದ್ದೇ ಕನ್ನಡ ಕೀಬೋರ್ಡಿಂದ. ಅಪ್ಪಂಗೆ ಕನ್ನಡ ಟೈಪ್ ಮಾಡೋಕೆ ಇನ್‌ಸ್ಕ್ರಿಪ್ಟ್ ಕೀಬೋರ್ಡ್ ಹಾಕಿ ಕೊಟ್ಟಿದ್ದೆ. ಪಬ್‌ಜಿಲಿ ಶಿಫ್ಟ್ ಹಿಡ್ಕೊಂಡು ಓಡ್ತಾ ಆಲ್ಟ್ ಒತ್ತಿ ಹಿಂದೆ ಯಾರಾದ್ರೂ ಇದಾರಾ ನೋಡಿದ್ರೆ ಆಲ್ಟ್ ಶಿಫ್ಟ್ ಆಯ್ತಲ್ಲ, ಭಾಷೆ ಬದಲು. ಮ್ಯಾಚ್ ಮುಗಿದ್ಮೇಲೆ ಜಿಜಿ (ಗುಡ್ ಗೇಮ್) ಅಂತ ಹೊಡೆದ್ರೆ ಚಾಟಲ್ಲಿ ಅಕ್ಷರನೇ ಇಲ್ದೆ ಎರಡು ಕೊಂಬು ಮಾತ್ರ ಹೋಗೋದು. ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಹೊಡೆಯೋ ಫೊನೆಟಿಕ್ ಹಾಕಿದ್ರೆ ಇನ್ನೂ ಕಷ್ಟ, ಚಾಟಲ್ಲಿ ನಾಲ್ಕಕ್ಷರ ಹೊಡೆಯೋಷ್ಟರಲ್ಲಿ ಪದಗಳ ಪಟ್ಟಿ ತೆರ್ಕೊಂಡು ಕೂರತ್ತೆ. ಈ ಗುಂಪಲ್ಲಿ ಅರ್ಧ ಜನಕ್ಕೆ ಇದಿರತ್ತೆ, ಕನ್ನಡ ಗುಂಪಲ್ವಾ. ಬೇರೆ ಅಕೌಂಟ್ ಬೇಡ ಅನ್ನೋರು ಟೈಮ್ ಆ್ಯಂಡ್ ಲ್ಯಾಂಗ್ವೇಜ್, ಟೈಪಿಂಗ್, ಅಡ್ವಾನ್ಸ್ಡ್ ಕೀಬೋರ್ಡ್ ಸೆಟ್ಟಿಂಗ್ಸ್, ಇನ್‌ಪುಟ್ ಲ್ಯಾಂಗ್ವೇಜ್ ಹಾಟ್ ಕೀಸ್ ಒಳಗೆ ಹೋಗಿ ಚೇಂಜ್ ಕೀ ಸೀಕ್ವೆನ್ಸ್‌ನ ನಾಟ್ ಅಸೈನ್ಡ್ ಮಾಡಿ. ವಿಂಡೋಸ್ ಕೀ ಜೊತೆ ಸ್ಪೇಸ್ ಒತ್ತಿದ್ರೆ ಭಾಷೆ ಬದಲಾಗೋದು ಮಾತ್ರ ಅಲ್ಲಿ ಹೋಗಲ್ಲ, ಅದು ಇರ್ಲಿ, ಅಪ್ಪಂದಿರಿಗೆ ಬೇಕಲ್ಲ.

ಕೀಬೋರ್ಡ್ ಮಾತು ಬಂತು ಅಂತ, ಶಿಫ್ಟ್ ಐದು ಸಲ ಒತ್ತಿದ್ರೆ ಸ್ಟಿಕಿ ಕೀಸ್ ಡಬ್ಬ ಬರತ್ತೆ, ಬಲಗಡೆ ಶಿಫ್ಟ್ ಎಂಟು ಸೆಕೆಂಡ್ ಹಿಡಿದ್ರೆ ಫಿಲ್ಟರ್ ಕೀಸ್. ಇವೂ ಫೋಕಸ್ ಕಿತ್ಕೊಳೋ ಜಾತಿ. ಬಂದಾಗ ನೋ ಒತ್ತಿದ್ರೆ ಶಾಶ್ವತವಾಗಿ ಹೋಗಲ್ಲ, ಆಕ್ಸೆಸಿಬಿಲಿಟಿ, ಕೀಬೋರ್ಡ್ ಒಳಗೆ ಅವುಗಳ ಕೀಬೋರ್ಡ್ ಶಾರ್ಟ್‌ಕಟ್ ಆಫ್ ಮಾಡ್ಬೇಕು.

ಟೋಸ್ಟ್ ಕಡೆಗೆ ಬಂದ್ರೆ, ಡು ನಾಟ್ ಡಿಸ್ಟರ್ಬ್‌ನ ಕೈಯಲ್ಲಿ ಆನ್ ಆಫ್ ಮಾಡ್ತಾ ಕೂರ್ಬೇಡ, ನೋಟಿಫಿಕೇಶನ್ಸ್ ಪೇಜಲ್ಲಿ ತಾನಾಗೇ ಆನ್ ಆಗೋ ಜಾಗದಲ್ಲಿ ವೆನ್ ಪ್ಲೇಯಿಂಗ್ ಎ ಗೇಮ್ ಅಂತ ಇದೆ, ಟಿಕ್ ಹಾಕು, ಪ್ರಯಾರಿಟಿ ಲಿಸ್ಟ್ ಒಳಗೆ ಹೋಗಿ ಕಾಲ್ಸ್, ರಿಮೈಂಡರ್ಸ್ ಟಿಕ್ ತೆಗಿ, ಇಲ್ಲಾಂದ್ರೆ ಅವು ನುಗ್ಗತ್ವೆ. ಅದೇ ಪೇಜಿನ ತಳದಲ್ಲಿ ಅಡಿಷನಲ್ ಸೆಟ್ಟಿಂಗ್ಸ್ ಒಳಗಿರೋ ಮೂರು ಟಿಕ್ಕೂ ತೆಗಿ, ಸೆಟಪ್ ಮುಗಿಸಿ ಅಂತ ಇಡೀ ಸ್ಕ್ರೀನ್ ಹಿಡಿಯೋದು ಅಲ್ಲಿಂದ. ಸ್ಟೀಮ್, ಡಿಸ್ಕಾರ್ಡ್, ಎನ್‌ವಿಡಿಯಾ ಓವರ್‌ಲೇ ಇವೆಲ್ಲ ಗೇಮ್ ಮೇಲೆ ತಾವೇ ಚಿತ್ರ ಬಿಡಿಸೋವು, ವಿಂಡೋಸ್ ಮಾತು ಕೇಳಲ್ಲ, ಆಯಾ ಸೆಟ್ಟಿಂಗಲ್ಲೇ ಹೋಗಿ ಆಫ್ ಮಾಡ್ಬೇಕು. ಫ್ರೀ ಆಂಟಿವೈರಸ್‌ಗಳ ಕಥೆನೂ ಅದೇ, ಜಾತ್ರೆಲಿ ಬಲೂನ್ ಮಾರೋರ ಥರ ಹೆಜ್ಜೆಗೊಂದು ಸಲ ತಗೊಳಿ ತಗೊಳಿ ಅಂತ ಬೆನ್ನು ಬೀಳತ್ವೆ. ಬಿಟ್‌ಡಿಫೆಂಡರ್ ಪೇಡ್ ವರ್ಷನ್‌ಗಳಲ್ಲಿ ಗೇಮ್ ಪ್ರೊಫೈಲ್ ಇದೆ, ಅವಾಸ್ಟಲ್ಲಿ ಡು ನಾಟ್ ಡಿಸ್ಟರ್ಬ್ ಮೋಡ್ ಇದೆ, ಇದ್ರೆ ಬಳ್ಸಿ, ನನ್ನ ಕೇಳಿದ್ರೆ ನಮ್ಮಂಥೋರಿಗೆ ವಿಂಡೋಸ್ ಜೊತೆ ಬರೋ ಡಿಫೆಂಡರೇ ಸಾಕು. ನೀನು ಕಿತ್ತು ಹಾಕ್ತೀನಿ ಅಂದ್ಯಲ್ಲ, ಅದೇ.

ಇನ್ನು "ನಿಮ್ಮ ಕಂಪ್ಯೂಟರಿಗೆ ವೈರಸ್ ಬಂದಿದೆ" ಅಂತ ಮೂಲೇಲಿ ಬರತ್ತೆ ಅಂತ ಕೆಳಗೆ ಇನ್ನೊಬ್ರು ಕೇಳಿದಾರೆ. ಅದು ಸಾಮಾನ್ಯವಾಗಿ ವೈರಸ್ ಅಲ್ಲ ಸಾರ್, ನೀವೇ ಯಾವುದೋ ಸೈಟಲ್ಲಿ ಮ್ಯಾಚ್ ನೋಡೋ ಆತುರದಲ್ಲಿ, ನೋಟಿಫಿಕೇಶನ್ ಕಳಿಸ್ಲಾ ಅಂತ ಕೇಳಿದಾಗ ಅಲೋ (ಅನುಮತಿ) ಒತ್ತಿರ್ತೀರ. ಕ್ರೋಮ್ ಸೆಟ್ಟಿಂಗ್ಸ್, ಪ್ರೈವಸಿ, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್, ಅಲ್ಲಿ ಗೊತ್ತಿಲ್ಲದ ಹೆಸರೆಲ್ಲ ತೆಗೀರಿ. ಎಡ್ಜಲ್ಲೂ ಹಿಂಗೇ ಇದೆ.

ಅಪ್‌ಡೇಟ್ ಸರ್ವಿಸ್ ಮಾತ್ರ ಆಫ್ ಮಾಡ್ಬೇಡಿ ಯಾರೂ. ಆಕ್ಟಿವ್ ಅವರ್ಸ್ 18 ಗಂಟೆ ತನಕ ಇಡಬಹುದು, ರಾತ್ರಿ ಆಡೋರು ಮಧ್ಯಾಹ್ನ 12ರಿಂದ ಬೆಳಿಗ್ಗೆ 6 ಇಡಿ, ಆ ಹೊತ್ತಲ್ಲಿ ತಾನಾಗೇ ರಿಸ್ಟಾರ್ಟ್ ಆಗಲ್ಲ. ಟೂರ್ನಮೆಂಟ್ ಇದ್ರೆ ಅಪ್‌ಡೇಟ್‌ನ ಐದು ವಾರದ ತನಕ ನಿಲ್ಲಿಸಿಡಿ (ಪಾಜ್). ಅದಕ್ಕಿಂತ ಜಾಸ್ತಿ ಯಾಕೆ ಬೇಕು.

ತಮ್ಮಾ, ಇವತ್ತು ರಾತ್ರಿ ಆಡುವಾಗ ಮಿನಿಮೈಸ್ ಆದ ಟೈಮ್ ಎರಡು ಮೂರು ಸಲದ್ದು ಬರ್ದು ಹಾಕು, ಜೊತೆಗೆ ಶೆಡ್ಯೂಲರ್ ಲೈಬ್ರರಿ ಸ್ಕ್ರೀನ್‌ಶಾಟ್. ಮನೇಲಿ ಪ್ರಿಂಟರ್ ಇದ್ಯಾ, ಅಥವಾ ಯಾವತ್ತಾದ್ರೂ ಇತ್ತಾ, ಅದನ್ನೂ ಹೇಳು. ಮನೆಯೋರ ಫೈಲ್ ಡೆಸ್ಕ್‌ಟಾಪಲ್ಲಿದ್ರೆ ಈಗ್ಲೇ ಪೆನ್‌ಡ್ರೈವಿಗೆ ಹಾಕಿಡು, ಆ ಬ್ಯಾಟ್ ಫೈಲ್ ಒತ್ತಲ್ಲ ಅಂತ ನೀನು ಮಾತು ಕೊಟ್ರೂ ಸರಿ.